ನಗುವ ಮುಖಕ್ಕೆ ಮಾದರಿಯಿಲ್ಲ

ನೈಲ್ ನದಿಯ ಪಡುವಣ ದಂಡೆಯ ಬೋಳುಗುಡ್ಡದಲ್ಲಿ ರಾಜರ ಗೋರಿಗಳಿಗೆ ಚಿತ್ರ ಬರೆಯುವವರ ಊರು. ಅಲ್ಲಿ ನಾಖಿಯ ಹಾಸ್ಯ ಕೇಳಿದರೆ ಜನ ಆಕಳಿಸುತ್ತಿದ್ದರು. ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದವನು ಪಶೇದ ಒಬ್ಬನೇ.

ಈಗ ನಾಖಿ ಸತ್ತಿದ್ದಾನೆ. ಅವನ ಗೋರಿಯ ಗೋಡೆ ಮುಗಿಸುವ ಕೆಲಸ ಪಶೇದನದು. ನಾಖಿ ಔತಣಕ್ಕೆ ಕುಳಿತಂತೆ ಬರೆದಾಗಿತ್ತು. ಮುಂದೆ ರೊಟ್ಟಿ, ಬಾತುಕೋಳಿ, ಕಮಲದ ಹೂವು. ಬರೆದದ್ದೆಲ್ಲ ಆಚೆ ಲೋಕದಲ್ಲಿ ಜೀವ ತಳೆಯುತ್ತದೆ. ಅದಕ್ಕೇ ಹಾವು ಬರೆದರೆ ಕತ್ತು ಕತ್ತರಿಸಿಯೇ ಬರೆಯುವುದು.

ನಾಖಿಯ ಹೆಂಡತಿ ಹುನ್ರೋ ಬುತ್ತಿ ತಂದವಳು ಗೋಡೆ ನೋಡುತ್ತ ನಿಂತಳು.

"ಎಲ್ಲಾ ಇದೆ ಅಣ್ಣಾ. ಆದ್ರೆ ಅಲ್ಲೂ ಆ ಕತ್ತೆ ಕಥೆ ಹೇಳ್ದೆ ಬಿಡ್ತಾನಾ? ನಗೋರು ಯಾರು?"

ಪಶೇದನ ಕುಂಚ ನಿಂತಿತು. ಕತ್ತೆಯ ಕಥೆ! ನೀರು ಹೊರುವ ಕತ್ತೆ ದಾರಿಯಲ್ಲಿ ಕೂತುಬಿಟ್ಟಿತಂತೆ. 'ಒದ್ದು ಎಬ್ಬಿಸೋದಲ್ವೇನೋ?' ಎಂದನಂತೆ ಪೀಠದ ಮೇಲೆ ಕೂತಿದ್ದ ಮೇಸ್ತ್ರಿ. 'ಅಯ್ಯೋ ಒಡೆಯಾ, ಕೂತ್ಕೊಂಡು ಬೇರೆಯೋರ ಕೈಲಿ ಕೆಲಸ ಮಾಡಿಸೋರನ್ನ ಒದೆಯೋ ಧೈರ್ಯ ನನಗೆಲ್ಲಿಂದ ಬರ್ಬೇಕು?' ಎಂದನಂತೆ ನೀರಿನವನು.

"ನಿನ್ನನ್ನೇ ಬರಿ, ನಗ್ತಿರೋ ಹಾಗೆ," ಎಂದಳು ಹುನ್ರೋ.

ಬರೆಯುವುದು ಹೇಗೆ? ಎದೆ ಬಡಿದುಕೊಂಡು ಅಳುವ ಹೆಂಗಸರಿಗೆ ಅಜ್ಜನ ಕಾಲದ ಮಾದರಿಯಿತ್ತು. ನಗುವ ಮನುಷ್ಯನಿಗೆ ಮಾದರಿಯೇ ಇರಲಿಲ್ಲ. ಅವಳು ಹೋದ ಮೇಲೆ ಪಶೇದ ಕಲ್ಲುಚಕ್ಕೆಯೊಂದರ ಮೇಲೆ ತನ್ನ ಮುಖ ಬರೆದು ತುಟಿಯಂಚನ್ನು ತುಸು ಮೇಲಕ್ಕೆಳೆದ. ಹಲ್ಲುನೋವಿನವನಂತೆ ಕಂಡಿತು. ಬಾಯಿ ತೆರೆದಂತೆ ಬರೆದ. ಊಟ ಬೇಡುವವನಂತೆ ಕಂಡಿತು. ತಪ್ಪು ಬರೆದರೆ ನಾಖಿಯೆದುರು ಕೊನೆಯಿಲ್ಲದ ಕಾಲ ಹಲ್ಲುನೋವಿನವನೊಬ್ಬ ಕೂತಿರಬೇಕಾಗುತ್ತದೆ. ಪಶೇದ ಚಕ್ಕೆಯನ್ನು ಪಕ್ಕಕ್ಕಿಟ್ಟ.

ಕೊನೆಗೆ ಕಣ್ಣು ಗೋಡೆಯ ಮೇಲಿನ ನಾಖಿಯ ಪೀಠದ ಕೆಳಗಿನ ಖಾಲಿ ಜಾಗಕ್ಕೆ ಹೋಯಿತು. ಅಲ್ಲಿ ಬೆಕ್ಕನ್ನೋ ಕೋತಿಯನ್ನೋ ಬರೆಯುವುದು ವಾಡಿಕೆ. ಪ್ರಾಣಿಗಳಿಗೆ ಕಟ್ಟುಪಾಡಿಲ್ಲ. ಪಶೇದ ಕೋತಿ ಬರೆದ. ಅದು ಬಾಯಿ ಅಗಲಿಸಿ, ಹೊಟ್ಟೆ ಹಿಡಿದು, ಹಿಂದಕ್ಕೆ ವಾಲಿತ್ತು. ತನ್ನ ಬಾಯಲ್ಲಿ ಇಲ್ಲದ ಮುಂದಿನ ಹಲ್ಲೊಂದನ್ನು ಅದಕ್ಕೂ ಬರೆಯಲಿಲ್ಲ.

ಶವ ಇಳಿಸುವ ದಿನ ಹುನ್ರೋ ಬಗ್ಗಿ ನೋಡಿದಳು. "ಅಯ್ಯೋ, ಮುಂದಿನ ಹಲ್ಲೇ ಇಲ್ಲ ಅಣ್ಣಾ! ನೀನೇ!" ಎಂದು ನಕ್ಕವಳು, ನಗುತ್ತಲೇ ಸೆರಗಿಗೆ ಮುಖ ಒತ್ತಿಕೊಂಡಳು.

ಬಾಗಿಲಿಗೆ ಕಲ್ಲಿಟ್ಟು ಗಾರೆ ಮೆತ್ತಿದರು. ಹುನ್ರೋ ನದಿಯಾಚೆಯ ತವರಿಗೆ ಹೊರಟಳು.

ಮರುದಿನ ನೀರಿನ ಕತ್ತೆ ಊರಬಾಗಿಲ ಬಳಿ ನಿಜವಾಗಿಯೂ ಕೂತುಬಿಟ್ಟಿತು. ನೀರಿನವನು ಬೈದ, ಬಾಲ ಎಳೆದ. ಕೊಡ ಹಿಡಿದು ಸಾಲಿನಲ್ಲಿದ್ದ ಪಶೇದ, "ನೋಡೋ ನಾಖಿ..." ಎನ್ನುತ್ತ ಪಕ್ಕಕ್ಕೆ ತಿರುಗಿದ.

ಹಿಂದಿದ್ದವನು ಕೊಡ ಮುಂದಕ್ಕೆ ತಳ್ಳಿದ. "ಸರೀರಿ, ಬಿಸಿಲಾಗ್ತಿದೆ."

ಪಶೇದ ಸರಿದ. ಗುಡ್ಡದೊಳಗೆ ನಾಖಿ ಇಷ್ಟು ಹೊತ್ತಿಗೆ ಕಥೆ ಶುರುಮಾಡಿರಬಹುದು. ಕೋತಿ ನಗುತ್ತಿರಬಹುದು. ನಕ್ಕರೆ ಸಾಕು.