ನೀರಿಲ್ಲದ ಬಯಲಿನ ನಕಾಶೆ

ರಬಕವಿಯ ನೇಕಾರರ ಓಣಿಯಲ್ಲಿ ಸೊಸೆಯಂದಿರು ಮಗ್ಗಕ್ಕೆ ನೂಲಿನ ಕಂಡಿಕೆ ಸುತ್ತುತ್ತಾರೆ, ರೊಟ್ಟಿ ಬಡಿಯುತ್ತಾರೆ, ಹೊತ್ತು ಸಿಕ್ಕರೆ ಜಗಳವನ್ನೂ ಮಾಡುತ್ತಾರೆ. ಆದರೆ ರಾಜ್ಯ ಕಟ್ಟಿದವಳು ಶೀತಲ ಒಬ್ಬಳೇ. ಅದೂ ಒಂದಲ್ಲ, ಏಳು! ನಾಲ್ಕು ವರ್ಷ ಕೂತು ಆರು ನೂರು ಪುಟದ ಕಾದಂಬರಿ ಬರೆದಿದ್ದಳು. ಅದರಲ್ಲಿ ಹೊನ್ನಿ ಎಂಬ ಹುಡುಗಿ ಬತ್ತಿಹೋದ ತನ್ನೂರ ಹೊಳೆಯನ್ನು ಹುಡುಕಿಕೊಂಡು ಹೊರಡುತ್ತಾಳೆ. ಚಿಕ್ಕಪಡಸಲಗಿಯ ಬ್ಯಾರೇಜ್ ಅಲ್ಲಿ ರಾಕ್ಷಸರು ಕಟ್ಟಿದ ಗೋಡೆಯಾಗಿತ್ತು, ಅನಗವಾಡಿಯ ಹೊಳೆದಂಡೆ ಮಾತಾಡುವ ಮೊಸಳೆಗಳ ನಾಡಾಗಿತ್ತು. ಎಲ್ಲಕ್ಕೂ ಆಚೆ ನೀರಿಲ್ಲದ ಬಯಲು. ಹನ್ನೊಂದು ದಿನ ಹನಿ ನೀರೂ ಸಿಗದೆ ಹೊನ್ನಿ ಅದನ್ನು ದಾಟಬೇಕು. ಆ ಬಾಯಾರಿಕೆಯೇ ಕಾದಂಬರಿಯ ಜೀವ.

ಸೋಮವಾರದೊಳಗೆ ಒಂದು ನಕಾಶೆಯೂ ಬೇಕೆಂದರು ಪ್ರಕಾಶಕರು. ಶೀತಲ ತನ್ನ ಮಾವ ವಿಠೋಬಾರನ್ನು ಕೇಳಿದಳು. ನಲವತ್ತು ವರ್ಷ ಗ್ರಾಫ್ ಹಾಳೆಯ ಮೇಲೆ ಸೀರೆಯ ಸೆರಗು ಬರೆದ ಕೈ ಅದು. ಕಂಪ್ಯೂಟರ್ ಬಂದ ಮೇಲೆ ಆರು ವರ್ಷದಿಂದ ಆ ಕೈಯನ್ನು ಯಾರೂ ಏನೂ ಕೇಳಿರಲಿಲ್ಲ. ಬರೆದ ಅಧ್ಯಾಯವನ್ನೆಲ್ಲ ಅವಳು ಓದಿ ಹೇಳಿದ್ದರಿಂದ ಮುದುಕರಿಗೆ ಕಥೆ ಬಾಯಿಪಾಠ. ನಕಾಶೆ ಬರೆಯಲು ಕೂತವರು ಒಂದು ವಾರ ಊಟಕ್ಕೆ ಕರೆದರೂ ಏಳಲಿಲ್ಲ.

ಶನಿವಾರ ಮಧ್ಯಾಹ್ನ ನಕಾಶೆ ಕೈಗೆ ಬಂತು. ಅಬ್ಬಾ, ಏನು ಚಂದ! ಒಂದೊಂದು ಗುಡ್ಡಕ್ಕೂ ಒಂದೊಂದು ಗತ್ತು. ಕಪ್ಪು ಚುಕ್ಕಿ ಅಂದರೆ ಬಾವಿ ಎಂದು ಮೂಲೆಯಲ್ಲಿ ಶಾಯಿಯಲ್ಲಿ ಬರೆದಿದ್ದರು. ಆಮೇಲೆ ಬಯಲನ್ನು ನೋಡಿದಳು. ಬಯಲ ತುಂಬ ಚುಕ್ಕಿ.

ನೇಕಾರರ ಸೊಸೆಗೆ ತಿಳಿಯದೇ? ಸೆರಗಿನಲ್ಲಿ ಬಣ್ಣದ ಎಳೆಯನ್ನು ಉದ್ದಕ್ಕೆ ಸಡಿಲ ಬಿಡುವಂತಿಲ್ಲ, ಬಳೆಗೆ ಸಿಕ್ಕು ಕಿತ್ತುಬರುತ್ತದೆ. ಅದಕ್ಕೇ ಗ್ರಾಫಿನ ಹತ್ತು ಚೌಕಕ್ಕೊಂದು ಚುಕ್ಕಿ ಇಟ್ಟು ಎಳೆಯನ್ನು ಕಟ್ಟುತ್ತಾರೆ. ಖಾಲಿ ಬಯಲು ಕಂಡೊಡನೆ ಮಾವನ ಕೈ ತಾನಾಗಿಯೇ ಚುಕ್ಕಿ ಇಡುತ್ತ ಹೋಗಿತ್ತು. ಹೆಜ್ಜೆಗೊಂದು ಬಾವಿ ಇದ್ದರೆ ಹೊನ್ನಿ ಬಾಯಾರುವುದೆಲ್ಲಿ ಬಂತು?

ಹೇಳಲೆಂದೇ ಹೊರಗೆ ಹೋದಳು. ವಿಠೋಬಾ ಕಟ್ಟೆಯ ಮೇಲೆ ಕೂತು, ಸೊಸೆಯ ಪುಸ್ತಕದಲ್ಲಿ ತಮ್ಮ ಹೆಸರೂ ಅಚ್ಚಾಗುತ್ತದೆ ಎಂದು ನೆರೆಯ ಅಮಸಿದ್ದಪ್ಪನ ಮುಂದೆ ಹೇಳಿಕೊಳ್ಳುತ್ತಿದ್ದರು. ಹಾಳಾಗಲಿ, ಕಥೆಯನ್ನೇ ತಿದ್ದಿದರಾಯಿತು ಎಂದುಕೊಂಡು ಒಳಗೆ ಬಂದಳು. ಅಡುಗೆಮನೆಯಲ್ಲಿ ಕೂತು ಹೊನ್ನಿಗೆ ಬಾವಿಗಳನ್ನು ತೋಡಿಕೊಟ್ಟಳು, ಹೊಟ್ಟೆ ತುಂಬ ನೀರು ಕುಡಿಸಿದಳು. ಬರೆದಂತೆಲ್ಲ ಅಧ್ಯಾಯ ಸಪ್ಪಗಾಯಿತು. ನಾಲ್ಕು ವರ್ಷದ ಶ್ರಮ ನೆನೆದು ಅತ್ತಳು, ಆದರೂ ಬರೆದಳು.

ಭಾನುವಾರ ಬೆಳಿಗ್ಗೆ ವಿಠೋಬಾ ನಕಾಶೆಯನ್ನು ತೊಡೆಯ ಮೇಲಿಟ್ಟುಕೊಂಡು, ಬಯಲಿನ ಅಧ್ಯಾಯ ಇನ್ನೊಮ್ಮೆ ಓದು, ಬೆರಳಲ್ಲಿ ದಾರಿ ಹಿಡಿಯುತ್ತೇನೆ ಎಂದರು. ತಿದ್ದಿದ್ದನ್ನೇ ಓದಿದಳು. ಹೊನ್ನಿ ಮೂರನೆಯ ಬಾವಿಗೆ ಬರುವಷ್ಟರಲ್ಲಿ ಬೆರಳು ನಿಂತಿತು. ಮುದುಕರು ಬಯಲಿನ ಚುಕ್ಕಿಗಳನ್ನು ಒಂದೊಂದಾಗಿ ಮುಟ್ಟಿ ನೋಡಿದರು.

"ನಿನಗ ಯಾವಾಗ ಗೊತ್ತಾತು?"

"ನಿನ್ನೆ, ಮಾವಾರ."

ಮತ್ತೇಕೆ ಹೇಳಲಿಲ್ಲ ಎಂದು ಕೇಳಿದರು. ನಿಮಗೆ ನೋವಾದೀತೆಂದು ಎಂದಳು. ವಿಠೋಬಾ ನಕಾಶೆಯನ್ನು ತೊಡೆಯಿಂದ ಕೆಳಗಿಟ್ಟರು. ಸಿಟ್ಟಲ್ಲ, ಸಂಕಟ.

"ಬೀಗರು ನೇದ ಅರಿವಿ ಕೆಟ್ಟಿದ್ರ ಛಲೋ ಐತಿ ಅಂತೇವಿ. ಮನಿಯವರು ನೇದದ್ದು ಕೆಟ್ಟಿದ್ರ ಬಿಚ್ಚು ಅಂತೇವಿ. ಹದಿನಾಕು ವರ್ಷ ಒಂದ ಮನ್ಯಾಗ ಉಂಡೇವಿ. ನನ್ನ ಬೀಗನ್ನ ಮಾಡಿ ಕುಂಡ್ರಿಸಿದೆಲ್ಲವ್ವಾ."

ಶೀತಲಳಿಗೆ ಕಪಾಳಕ್ಕೆ ಹೊಡೆದಂತಾಯಿತು. ಪ್ರೀತಿ ಎಂದುಕೊಂಡೇ ಅವಳು ಮುದುಕರನ್ನು ಹೊಸ್ತಿಲಾಚೆ ನಿಲ್ಲಿಸಿಬಿಟ್ಟಿದ್ದಳು. ತಿದ್ದಿದ ಹಾಳೆಗಳನ್ನು ಅಲ್ಲೇ ಹರಿದಳು. ಅವರ ಎದುರು ಕೂತು, ಮುಖ ನೋಡಿಯೇ ಹೇಳಿದಳು.

"ಮಾವಾರ, ಬಯಲು ಕೆಡಿಸೀರಿ. ಬಿಚ್ರಿ."

ವಿಠೋಬಾ ಹೂಂ ಎಂದರು. ಹೊಸ ಗ್ರಾಫ್ ಹಾಳೆ ತರಿಸಿ, ಅವಳನ್ನು ಪಕ್ಕದಲ್ಲೇ ಕೂರಿಸಿಕೊಂಡರು. ರೂಢಿ ಬಿದ್ದ ಕೈ ಸುಮ್ಮನಿದ್ದೀತೇ! ಹತ್ತನೆಯ ಚೌಕಕ್ಕೆ ಬಂದೊಡನೆ ಚುಕ್ಕಿಗೆ ಇಳಿಯುತ್ತಿತ್ತು, ಅವಳು ಗದರಿಸಿ ಮಣಿಕಟ್ಟು ಹಿಡಿಯುತ್ತಿದ್ದಳು. ಸಂಜೆಗೆ ಬಯಲು ಮುಗಿಯುತ್ತ ಬಂದಿತ್ತು. ಒಮ್ಮೆ ಶೀತಲ ಮೈಮರೆತಳು. ಹತ್ತನೆಯ ಚೌಕಕ್ಕೆ ಬಂದ ಮುದುಕರು ಚುಕ್ಕಿ ಇಡದೆ ತಾವೇ ಪೆನ್ನು ಎತ್ತಿ ಹಿಡಿದು, ಅವಳು ಬೈಯಲೆಂದು ಕಾಯುತ್ತ ಕೂತರು. ಅವಳು ಬೈದಳು.