ಮೂತಿಯ ಎದುರು

ಆಯುಧಪೂಜೆಯ ದಿನ ನಂಜಪ್ಪನ ಬಂದೂಕಿಗೆ ಮೊದಲ ಕುಂಕುಮ ಹೆಂಡತಿ ಗೋವಿಂದಮ್ಮನದೇ. ಅಂಚೆಟ್ಟಿಯ ಆ ಮನೆಗೆ ಆಕೆ ಕಾಲಿಟ್ಟ ಮೂವತ್ತು ವರ್ಷದಿಂದಲೂ ಅದೇ ಪದ್ಧತಿ. ಹಂದಿ ಬೆದರಿಸಲು ಲೈಸೆನ್ಸ್ ಮಾಡಿಸಿದ್ದ, ಮೂತಿಯಿಂದ ಮದ್ದು ತುಂಬುವ ಹಳೆಯ ಬಂದೂಕು ಅದು. ಕುಡುಗೋಲು, ಗುದ್ದಲಿಗಳ ಜೊತೆ ಮಣೆಯ ಮೇಲೆ ಮಲಗಿತ್ತು. ಗೋವಿಂದಮ್ಮ ಮೂತಿಯ ಎದುರೇ ಕೂತು ಕುಂಕುಮದ ಬಟ್ಟಲಿಗೆ ಬೆರಳದ್ದಿದಳು.

“ಅತ್ತೆ, ಅಲ್ಲಿಂದ ಏಳಿ,” ಎಂದಳು ಸೊಸೆ ಸುಗುಣಾ.

ಸುಗುಣಾಗೆ ಹೊಸೂರಿನ ಕಾರ್ಖಾನೆಯಲ್ಲಿ ಕೆಲಸ. ಅಲ್ಲಿ ಭಾನುವಾರ ಭಾನುವಾರ ಶ್ಯಾಮಲಾ ಎಂಬ ನಿವೃತ್ತ ಪೊಲೀಸಮ್ಮ ಹೆಂಗಸರಿಗೆ ಮೈಮೇಲೆ ಬಿದ್ದವನಿಂದ ಬಿಡಿಸಿಕೊಳ್ಳುವುದನ್ನೂ ಬಂದೂಕು ಹಿಡಿಯುವ ಜಾಗ್ರತೆಯನ್ನೂ ಕಲಿಸುತ್ತಿದ್ದರು. ನಾಲ್ಕು ವಾರವಾದರೂ ಸೊಸೆ ಒಂದು ಗುಂಡೂ ಹಾರಿಸಿಲ್ಲವೆಂದು ನಂಜಪ್ಪ ಊರೆಲ್ಲ ಹೇಳಿಕೊಂಡು ನಕ್ಕಿದ್ದ.

“ಖಾಲಿ ಕಣಮ್ಮ ಅದು. ಮೊನ್ನೆ ನಾನೇ ಹಾರಿಸ್ಬುಟ್ಟು ತಂದಿಟ್ಟಿವ್ನಿ,” ಎಂದ.

“ಖಾಲಿ ಅಂತ ಯಾರೇ ಹೇಳುದ್ರೂ ಕಣ್ಣಾರೆ ನೋಡ್ಬೇಕು ಅಂತ ಮೇಡಮ್ ಹೇಳವ್ರೆ, ಮಾವ.”

ಆ ಮನೆಯಲ್ಲಿ ಕುಂಕುಮ ಹಚ್ಚುವುದು ಬಿಟ್ಟರೆ ಹೆಂಗಸರು ಬಂದೂಕು ಮುಟ್ಟಿದ್ದೇ ಇಲ್ಲ. ಮೇಲಾಗಿ ನೆಂಟರೆಲ್ಲ ಕೂತಿದ್ದರು. ನಂಜಪ್ಪನ ಮುಖ ಕೆಂಪಾಯಿತು. ಗೋವಿಂದಮ್ಮನಿಗೂ ಸಿಟ್ಟು ಬಂತು. ಹಬ್ಬದ ದಿನ ಮಾವನಿಗೆ ಎದುರುತ್ತರವೇ? ಆದರೆ ಸೊಸೆಯ ದನಿಯಲ್ಲಿ ಜಗಳದ ಸುಳಿವಿರಲಿಲ್ಲ, ಅದಕ್ಕೇ ಎದ್ದಳು.

ಸುಗುಣಾ ಟ್ರಿಗರ್ ಹತ್ತಿರ ಬೆರಳು ಸುಳಿಸದೆ ಬಂದೂಕೆತ್ತಿ, ಮೂತಿಯನ್ನು ಬಾಗಿಲಾಚೆಯ ಬರಿದಾದ ಗುಡ್ಡದ ಕಡೆ ತಿರುಗಿಸಿದಳು. ಮಗ್ಗುಲಲ್ಲೇ ನಿಂತು, ಮದ್ದು ಜಡಿಯುವ ಸರಳನ್ನು ನಳಿಗೆಯೊಳಗೆ ತಡೆಯುವವರೆಗೆ ಇಳಿಸಿದಳು. ಮೂತಿಯ ಅಂಚಿಗೆ ಸರಿಯಾಗಿ ಸರಳಿನ ಮೇಲೆ ಉಗುರಿಟ್ಟು, ಹೊರತೆಗೆದು, ನಳಿಗೆಯ ಹೊರಮೈಗಿಟ್ಟು ಅಳೆದಳು. ಬುಡಕ್ಕೆ ನಾಲ್ಕು ಬೆರಳು ಕಡಿಮೆ ಬಿತ್ತು.

“ಒಳಗೆ ಮದ್ದೈತೆ, ಮಾವ.”

ನಂಜಪ್ಪ ತಾನೂ ಎರಡು ಸಲ ಅಳೆದ. “ನಿನ್ನೆ ಸಂಜೆ ಹಂದಿ ಬಂದಾವು ಅಂತ ತಿರುಗಾ ತುಂಬಿದ್ದೆ. ಮರ್ತೇ ಹೋಗ್ಬುಟ್ಟೆ,” ಎಂದ. ದನಿ ಕುಗ್ಗಿತ್ತು.

ಗೋವಿಂದಮ್ಮ ಬಂದೂಕಿನ ಮೂತಿಯತ್ತ ನೋಡಿದಳು. ಮೂವತ್ತು ಹಬ್ಬ ಆ ತೂತಿನೆದುರು ಕೂತಿದ್ದಳು. ಹೆಣ್ಣು ನೋಡಲು ಹೋದಾಗ ಈ ಹುಡುಗಿಗೆ ಮಾತೇ ಬರೋದಿಲ್ಲವೆಂದು ಮೂಗು ಮುರಿದದ್ದು ನೆನಪಾಗಿ ನಾಚಿಕೆಯಾಯಿತು. ಇಂಥವಳು ತನ್ನ ಸೊಸೆಯೆಂದು ಎದೆ ತುಂಬಿ ಬಂತು.

“ತಗೋಮ್ಮ, ಮದ್ದು ತೆಗೆಯೋದು ತೋರಿಸ್ತೀನಿ,” ಎಂದು ನಂಜಪ್ಪ ಬಂದೂಕನ್ನು ಸುಗುಣಾ ಕಡೆ ಚಾಚಿದ. ಮೂತಿ ಅವಳ ಹೊಟ್ಟೆಯ ನೇರಕ್ಕೆ ಬಂತು.

ಗಂಡನಿಗೆ ಒಂದು ದಿನವೂ ಹೀಗೆ ಮಾಡು ಎನ್ನದ ಗೋವಿಂದಮ್ಮ ನೆಂಟರೆದುರೇ ಹೇಳಿದಳು. “ಮೊದ್ಲು ಮೂತಿ ಆಚೆಗೆ ತಿರುಗ್ಸಿ.”

ಅವನು ತಿರುಗಿಸಿದ.