ಹನ್ನೆರಡು ಪೆಟ್ಟಿಗೆಗಳ ಪರೀಕ್ಷೆ

ನಾಲ್ಕು ವರ್ಷ ನಾಯಿಗೂಡು ತೊಳೆದ ಮೇಲೆ ತರಬೇತಿ ಕೇಂದ್ರದವರು ಅವಳ ಕೈಗೊಂದು ನಾಯಿ ಕೊಟ್ಟಿದ್ದರು. ಹೆಸರು ಕಿಡಿ. ಚೆಂಡು ಕಂಡರೆ ಗೋಡೆ ಹತ್ತುವ, ಗಳಿಗೆ ಹೊತ್ತೂ ಸುಮ್ಮನೆ ಕೂರದ ಹೆಣ್ಣುನಾಯಿ. ಸಿಡಿಮದ್ದಿನ ವಾಸನೆ ಹಿಡಿಯುವುದರಲ್ಲಿ ಅದು ಮುಖ್ಯ ತರಬೇತುದಾರನ ನಾಯಿಯನ್ನೇ ಎರಡು ಸಲ ಸೋಲಿಸಿತು. ಎಲ್ಲರೂ ಮೇಷ್ಟ್ರು ಎಂದು ಕರೆಯುತ್ತಿದ್ದ ಅವನಿಗೆ ಹೊಟ್ಟೆ ಉರಿಯಿತು. ‘ಹೆಂಗಸಿನ ಕೈಯಲ್ಲಿ ನಾಯಿಯ ತಲೆ ಕೆಟ್ಟಿದೆ, ಅಪಾಯಕಾರಿ’ ಎಂದು ವರದಿ ಬರೆದು, ಅವಳು ರಜೆಯಲ್ಲಿದ್ದ ದಿನ ಕಿಡಿಗೆ ಸೂಜಿ ಚುಚ್ಚಿಸಿ ಸಾಯಿಸಿದ.

ಅವಳು ಅಳಲಿಲ್ಲ. ಕೆಲಸ ಬಿಟ್ಟಳು. ಹಲ್ಲು ಕಚ್ಚಿಕೊಂಡು ದುಡಿದು ಏಳು ವರ್ಷದಲ್ಲಿ, ನಾಯಿ ತರಬೇತುದಾರರಿಗೆ ಪರವಾನಗಿ ಕೊಡುವ ಪರೀಕ್ಷಕಿಯಾದಳು. ಮೇಷ್ಟ್ರ ನಾಯಿಗಳು ಮೂಗನ್ನಲ್ಲ, ಅವನ ಮೊಣಕಾಲನ್ನು ನಂಬುತ್ತವೆಂದು ಅವಳಿಗೆ ಗೊತ್ತಿತ್ತು. ಅವನು ನಡಿಗೆ ನಿಧಾನಿಸಿದಲ್ಲಿ, ಮದ್ದು ಸಿಕ್ಕಿತೆಂಬಂತೆ ಕೂತುಬಿಡುತ್ತವೆ.

ಪರವಾನಗಿ ನವೀಕರಿಸಲು ಅವನು ನಾಯಿ ಹಿಡಿದುಕೊಂಡು ಬಂದೇ ಬಂದ. ಉಗ್ರಾಣದಲ್ಲಿ ಅವಳು ಹನ್ನೆರಡು ತಗಡಿನ ಪೆಟ್ಟಿಗೆ ಸಾಲಾಗಿ ಇಡಿಸಿದ್ದಳು.

“ನಮ್ಮಲ್ಲಿ ಗೂಡು ತೊಳೀತಿದ್ದವಳಲ್ವಾ ನೀನು? ಪರವಾಗಿಲ್ಲ, ಮೇಲೆ ಬಂದಿದೀಯ.”

“ಶುರು ಮಾಡಿ,” ಎಂದಳು.

ಅವನ ಕಣ್ಣು ನಾಯಿಯ ಮೇಲಲ್ಲ, ಅವಳ ಮುಖದ ಮೇಲೇ ಇತ್ತು. ಅವಳು ಬೇಕೆಂದೇ ಐದನೇ ಪೆಟ್ಟಿಗೆಯತ್ತ ಒಮ್ಮೆ ನೋಡಿದಳು. ಅಲ್ಲಿ ಅವನ ಕಾಲು ತಡೆಯಿತು. ನಾಯಿ ಕೂತಿತು.

“ಇಲ್ಲಿದೆ.”

“ಖಾತ್ರಿನಾ?”

“ನನ್ನ ನಾಯಿ ತಪ್ಪೋದೇ ಇಲ್ಲ.”

ಅವಳು ಮೊದಲನೆಯದರಿಂದ ಹನ್ನೆರಡನೆಯದರವರೆಗೆ ಒಂದೊಂದೇ ಮುಚ್ಚಳ ತೆಗೆದಳು, ನಿಧಾನವಾಗಿ, ಪ್ರತಿ ಸಲವೂ ಅವನ ಮುಖ ನೋಡುತ್ತ. ಎಲ್ಲವೂ ಖಾಲಿ.

“ಇದು ಮೋಸ.”

“ವಾಸನೆ ಇಲ್ಲದ ಕಡೆ ನಾಯಿ ಕೂರಬಾರದು. ನಿಮಗೇ ಗೊತ್ತಿರೋ ನಿಯಮ. ನಿಮ್ಮ ಪರವಾನಗಿ ರದ್ದು.”

“ಯಾವ ಹಗೆ ತೀರಿಸ್ಕೊಳ್ತಿದೀಯ ನೀನು?”

“ಕಿಡಿದು.”

“ಯಾವ ಕಿಡಿ?”

ಅವನು ನಾಟಕವಾಡುತ್ತಿರಲಿಲ್ಲ. ನಿಜಕ್ಕೂ ಮರೆತಿದ್ದ. ಏಳು ವರ್ಷ ಬಾಯಿಪಾಠ ಮಾಡಿಕೊಂಡಿದ್ದ ಮಾತೆಲ್ಲ ಬಿಟ್ಟು, ಅವಳು ರದ್ದತಿಯ ಕಾಗದ ಎಳೆದುಕೊಂಡಳು. ಮೈ ಇನ್ನಷ್ಟು ಉರಿಯಿತು. ಕಾಗದ ಹರಿಯುವಷ್ಟು ಒತ್ತಿ ಸಹಿ ಹಾಕಿದಳು.

“ನಾಯೀನ ಬಿಟ್ಟು ಹೋಗಿ,” ಎಂದಳು. “ಅದರ ಮೂಗು ಚೆನ್ನಾಗೇ ಇದೆ. ಕಲಿಸಿದವರದ್ದೇ ತೊಂದರೆ.”

ಅವನು ಹಗ್ಗವನ್ನು ನೆಲಕ್ಕೆಸೆದು ನಡೆದ. ಅವನು ಗೇಟು ದಾಟುವವರೆಗೂ ಅವಳು ಕಣ್ಣು ಕೀಳಲಿಲ್ಲ. ಎಳ್ಳಷ್ಟೂ ಕನಿಕರ ಹುಟ್ಟಲಿಲ್ಲ. ಮಧ್ಯಾಹ್ನ, ಅವನು ಬಿಟ್ಟುಹೋದ ನಾಯಿ ಮೇಜಿನ ಕಾಲು ಕಡಿಯುತ್ತಿರುವಾಗ, ಅವಳು ಹೊಟ್ಟೆ ತುಂಬ ಉಂಡಳು.